ಬ್ಯಾಡ ಅಂದದ್ದು ಕೇಳಿಸದ ಶಿವರಾಜು

ನಂಜನಗೂಡಿನಲ್ಲಿ ಬಾಳೆಹಣ್ಣಿನ ಮಂಡಿ ಇಟ್ಟಿರುವ ಶಿವರಾಜುವಿಗೆ ಈಗ ಐವತ್ತು ದಾಟಿದೆ. ಇಪ್ಪತ್ತರ ವಯಸ್ಸಿನಲ್ಲಿ ಅವನು ಊರಿನ ಟಾಕೀಸಿಗೆ ಬಂದ ಒಂದು ಹಿಂದಿ ಸಿನಿಮಾಕ್ಕೆ ಮರುಳಾಗಿದ್ದ. ಹೀರೋ ಹುಡುಗಿಯ ಬೆನ್ನು ಬೀಳುತ್ತಿದ್ದ, ಅವಳು ಬೇಡವೆಂದಷ್ಟೂ ಹುಚ್ಚನಾಗುತ್ತಿದ್ದ. ಮಾತು ಅಷ್ಟಾಗಿ ಅರ್ಥವಾಗದಿದ್ದರೂ ಶಿವರಾಜು ಶಿಳ್ಳೆ ಹೊಡೆದು ಬರುತ್ತಿದ್ದ.

ಆಗ ಕಳಲೆಯಿಂದ ಗೋವಿಂದಮ್ಮ ಎಂಬ ಹುಡುಗಿ ಬಸ್ಸಿನಲ್ಲಿ ನಂಜನಗೂಡಿನ ಕಾಲೇಜಿಗೆ ಬರುತ್ತಿದ್ದಳು. ಶಿವರಾಜು ದಿನವೂ ಅದೇ ಬಸ್ಸು ಹತ್ತಿದ, ಕಾಲೇಜಿನ ಗೇಟಿನಲ್ಲಿ ಕಾದ. "ಬ್ಯಾಡ ಕಣ್ರೀ, ನನ್ನ ಪಾಡಿಗೆ ಬುಟ್ಬುಡಿ" ಎಂದು ಅವಳು ಕೈಮುಗಿದಳು. ಸಿನಿಮಾದಲ್ಲೂ ಮೊದಲು ಹೀಗೇ ಅಲ್ಲವೇ ಎಂದುಕೊಂಡ. ಒಂದು ದಿನ ಬಸ್ ಸ್ಟ್ಯಾಂಡಿನಲ್ಲಿ ಎಲ್ಲರೆದುರು ಬ್ಲೇಡಿನಿಂದ ತೋಳು ಕುಯ್ದುಕೊಂಡು ಅವಳ ಹೆಸರು ಕೂಗಿದ.

ಆ ಸಂಜೆಯೇ ಸುದ್ದಿ ಕಳಲೆ ಮುಟ್ಟಿತು. ಗೋವಿಂದಮ್ಮನ ಅಪ್ಪ ಪುಟ್ಟಸ್ವಾಮಿ ಮಗಳನ್ನು ಕಾಲೇಜು ಬಿಡಿಸಿ, ಸಿಕ್ಕ ಗಂಡಿಗೆ ಕೊಟ್ಟು ತಿ. ನರಸೀಪುರಕ್ಕೆ ಕಳಿಸಿದ. ಶಿವರಾಜು ಗಡ್ಡ ಬಿಟ್ಟ. ಗೆಳೆಯರು ದೊಡ್ಡ ಪ್ರೇಮಿ ಎಂದು ಹೆಗಲು ತಟ್ಟಿದರು. ಮುಂದೆ ಮದುವೆಯಾಗಿ ಮಗಳು ಹುಟ್ಟಿದ ಮೇಲೂ ಆ ಕತೆಯನ್ನು ಹೆಮ್ಮೆಯಿಂದಲೇ ಹೇಳುತ್ತಿದ್ದ.

ಹೋದ ವರ್ಷ ಅದೇ ಸಿನಿಮಾ ಟಿವಿಯಲ್ಲಿ ಬಂತು. ಕಾಲೇಜು ಓದುವ ಮಗಳು ಶಿವಾನಿ ಸ್ವಲ್ಪ ಹೊತ್ತು ನೋಡಿ, "ಅಪ್ಪಾ, ಅವ್ಳು ಎದರ್ಕಂಡು ಓಡ್ತಾವ್ಳೆ. ಇದಕ್ಕ್ಯಾಕೆ ಲವ್ ಸಾಂಗು ಆಕವ್ರೆ?" ಎಂದಳು. ಕೈಮುಗಿದು ನಿಂತ ಗೋವಿಂದಮ್ಮನ ಮುಖದಲ್ಲಿ ಅಂದು ಇದ್ದದ್ದೂ ಹೆದರಿಕೆಯೇ ಎಂದು ಶಿವರಾಜುವಿಗೆ ಮೊದಲ ಸಲ ಹೊಳೆಯಿತು.

ವಾರವಿಡೀ ಮನಸ್ಸಿಗೆ ಸಮಾಧಾನವಿರಲಿಲ್ಲ. ಕೊನೆಗೆ ಅವರಿವರನ್ನು ವಿಚಾರಿಸಿಕೊಂಡು ತಿ. ನರಸೀಪುರಕ್ಕೆ ಹೋದ. ಗೋವಿಂದಮ್ಮ ಅಂಗನವಾಡಿಯಲ್ಲಿ ಸಹಾಯಕಿ. ಅಂಗನವಾಡಿಯ ಜಗಲಿಯಲ್ಲಿ ಅಕ್ಕಿ ಆರಿಸುತ್ತಿದ್ದವಳು ಅವನ ಗುರುತು ಹಿಡಿದು ಎದ್ದು ನಿಂತಳು.

"ಒಂದ್ಮಾತು ಯೋಳ್ಬೇಕಿತ್ತು, ಗೋವಿಂದಮ್ಮ..."

"ನಾನು ಕರುದ್ನಾ ನಿಮ್ಮ?" ಅಕ್ಕಿಯ ಮೊರವನ್ನು ಪಕ್ಕಕ್ಕೆ ತಳ್ಳಿದಳು. "ನರ್ಸ್ ಓದ್ಬೇಕು ಅಂತಿದ್ದೆ. ನೀವು ಕೈ ಕುಯ್ಕಂಡ್ರಿ, ನನ್ನ ಓದು ನಿಂತೋಯ್ತು. ನಾನೇ ಏನೋ ಮಾಡಿರ್ಬೇಕು ಅಂತ ನಮ್ಮಪ್ಪ ಸಾಯೋಗಂಟ ನನ್ ಕುಟ್ಟೆ ಸರಿಯಾಗಿ ಮಾತಾಡ್ನಿಲ್ಲ. ಈಗ್ಲೂ ಕೇಳ್ದೆ ಬಂದು ನಿಂತಿದ್ದೀರಿ. ಅಕ್ಕಪಕ್ಕದೋರು ಯಾರು ಅಂದ್ರೆ ಏನ್ ಯೋಳ್ಲಿ?"

"ತಪ್ಪಾಯ್ತು ಅಂತ..."

"ನಿಮ್ ಮನಸ್ಸು ಅಗುರ ಮಾಡ್ಕಳಕ್ಕೆ ನಾನೇ ಬೇಕಾ? ಓಗಿ."

ಮಕ್ಕಳು ಬಾಗಿಲಿಗೆ ಬಂದು ನೋಡುತ್ತಿದ್ದವು. ಶಿವರಾಜು ತಲೆ ತಗ್ಗಿಸಿ ಹೊರಟ. ಕ್ಷಮೆ ಕೇಳುವ ನೆಪದಲ್ಲೂ ಅವಳ ಬೆನ್ನು ಬಿದ್ದೆನಲ್ಲ ಎಂಬುದು ಬಸ್ಸಿನಲ್ಲಿ ಕೂತ ಮೇಲೆ ಅವನಿಗೆ ತಿಳಿಯಿತು.

ಮನೆಯಲ್ಲಿ ಶಿವಾನಿಗೆ ಎಲ್ಲವನ್ನೂ ಹೇಳಿದ, ಈ ಸಲ ತನ್ನನ್ನು ಹೀರೋ ಮಾಡಿಕೊಳ್ಳದೆ. ಅವಳು ಬಯ್ಯಲಿಲ್ಲ, ಸಮಾಧಾನವನ್ನೂ ಹೇಳಲಿಲ್ಲ. "ಆ ಗೋವಿಂದಮ್ಮನೋರು ಪಾಪ, ನಿನ್ನ ನೋಡುದ್ಮೇಲೆ ಇವತ್ತು ಊಟ ಮಾಡುದ್ರೋ ಇಲ್ವೋ" ಎಂದು ಒಳಗೆ ಹೋದಳು.