ನಿಂತರೂ ಓಡುವ ಟೈಮ್

ಬೆಳಿಗ್ಗೆ ಎದ್ದು ಅಂಗಳ ತೊಳೆದೆ. ಬಟ್ಟೆ ಒಗೆದು ಒಣಹಾಕಿದೆ. ಪಂಚಮಿಯ ಉಂಡಿಗಳಲ್ಲಿ ಉಳಿದವನ್ನು ನಾದಿನಿ ಒಯ್ಯಲೆಂದು ಡಬ್ಬಿಗೆ ತುಂಬಿದೆ. ಗಿರಣಿಗೆ ಹೋಗಿ ಜೋಳ ಬೀಸಿಸಿಕೊಂಡು ಬಂದೆ. ಅಷ್ಟರಲ್ಲಿ ಅಣ್ಣ-ತಂಗಿ ಇಬ್ಬರೂ ಸೇರಿ ಮಾಡಿದ ಕೆಲಸ ಒಂದೇ: ಅಟ್ಟದ ಮೇಲಿದ್ದ ಹಳೆಯ ವಿಡಿಯೋ ಗೇಮ್ ಇಳಿಸಿ, ಧೂಳು ಊದಿ, ಟಿವಿಗೆ ಜೋಡಿಸಿದ್ದು.

ಅಣ್ಣ ಎಂದರೆ ನಮ್ಮ ಯಜಮಾನರು. ಬನಹಟ್ಟಿಯಲ್ಲಿ ಮನೆಯ ಹಿಂದೆಯೇ ಅವರ ಪಾವರ್‌ಲೂಮ್ ಮಗ್ಗಗಳಿವೆ. ಹಬ್ಬಕ್ಕೆಂದು ನಿಲ್ಲಿಸಿದ್ದನ್ನು ಇನ್ನೂ ಶುರು ಮಾಡಿರಲಿಲ್ಲ. ತಂಗಿ ಮುಧೋಳದಿಂದ ತವರಿಗೆ ಬಂದವಳು, ಸಂಜೆಯ ಬಸ್ಸಿಗೆ ಹೊರಡಬೇಕಿತ್ತು. ಸಣ್ಣವರಿದ್ದಾಗ ಇಬ್ಬರೂ ಈ ಆಟ ಆಡಿ ಆಡಿ ಬೆರಳು ಸವೆಸಿದ್ದರಂತೆ, ಕೊನೆಯ ಬಾಗಿಲನ್ನು ಮಾತ್ರ ದಾಟಿರಲಿಲ್ಲ. ಅದರ ಹಿಂದೆ ಏನಿದೆ ಎಂದು ನೋಡಿಯೇ ಹೋಗುವೆನೆಂದು ನಾದಿನಿಯ ಹಟ.

ಆಟವೇನೋ ಸರಳ. ಕತ್ತಿ ಹಿಡಿದ ಗಿಡ್ಡ ಮನುಷ್ಯ ಎಡದಿಂದ ಬಲಕ್ಕೆ ಓಡಬೇಕು. ಮೇಲಿನ ಮೂಲೆಯಲ್ಲಿ ಟೈಮ್ ಇಳಿಯುತ್ತಿರುತ್ತದೆ. ಸೊನ್ನೆಗೆ ಬಂದರೆ ಯಾರೂ ಹೊಡೆಯದಿದ್ದರೂ ಆತ ಸಾಯುತ್ತಾನೆ. ಮೂರು ಜೀವ ಮುಗಿದರೆ ಮತ್ತೆ ಮೊದಲಿನಿಂದ.

ನಮ್ಮವರು ಎರಡು ಜೀವ ಕಳೆದದ್ದು ಹಾಗೆಯೇ. ಎಳೆ ಹರಿದರೆ ಮಗ್ಗವನ್ನು ತಕ್ಷಣ ನಿಲ್ಲಿಸಬೇಕು. ನಿಲ್ಲಿಸಿದರೆ ಕೆಡುವುದೂ ನಿಲ್ಲುತ್ತದೆ. ಅದೇ ರೂಢಿ. ರಾಕ್ಷಸ ಕಂಡ ಕೂಡಲೇ ಬಟನ್ ಬಿಟ್ಟು ಸುಮ್ಮನೆ ನಿಂತುಬಿಡುತ್ತಿದ್ದರು.

"ಅಣ್ಣಾ, ನಿಂದರಬ್ಯಾಡ. ನೀ ನಿಂತರೂ ಟೈಮ್ ನಿಂದರಂಗಿಲ್ಲ."

"ತಡಿಬೇ, ಎಲ್ಲಿ ಹರದೈತಿ ನೋಡಾಕತ್ತೇನಿ."

"ಏನೂ ಹರದಿಲ್ಲ. ರಾಕ್ಷಸ ಬರಾಕತ್ತಾನ."

"ಬರಲಿ ಬಿಡ್ರಿ," ಎಂದೆ ನಾನು, "ಮನಿಗೆ ಬಂದವರಿಗೆ ಚಾ ಮಾಡತೇನಿ."

ಉಳಿದ ಒಂದು ಜೀವವನ್ನು ನಾದಿನಿ ಕಸಿದುಕೊಂಡಳು. ಹಾಲು ಉಕ್ಕುವುದನ್ನು ನೋಡಿದವಳಂತೆ ಓಡಿಸಿದಳು. ಕೊನೆಯ ಬಾಗಿಲು ಕಾಣುವ ಹೊತ್ತಿಗೆ ಬಸ್ಸಿನ ಹೊತ್ತೂ ಬಂತು.

"ಸ್ಟ್ಯಾಂಡಿಗೆ ಹೋಗೂಣೇನವಾ?" ಎಂದೆ.

"ವೈನಿ, ಈಗ ಮಾತಾಡಸಬ್ಯಾಡ್ರಿ."

ನಮ್ಮವರು ಕೈಚಾಚಿ ಪಾಜ್ ಒತ್ತಿದರು. ಮನುಷ್ಯ, ರಾಕ್ಷಸ, ಟೈಮ್ ಎಲ್ಲವೂ ಇದ್ದಲ್ಲೇ ನಿಂತವು.

"ಈಗ ಖರೇನ ನಿಂತತಿ. ಊರಿಗೆ ಹೋಗು, ದೀಪಾವಳಿಗೆ ಬಂದು ಆಡೀಯಂತ."

"ಅಲ್ಲೀತನಾ ಕರೆಂಟ್ ಹೋಗದಂಗ ನೀ ನೋಡಕೋತೀಯೇನು?"

ನಮ್ಮ ಊರಲ್ಲಿ ಅಂಥ ಮಾತು ಯಾರೂ ಕೊಡುವುದಿಲ್ಲ.

ನಾದಿನಿ ಮುಧೋಳಕ್ಕೆ ಫೋನ್ ಹಚ್ಚಿದಳು. "ನಾಳೆ ಬರತೇನ್ರಿ. ಇಲ್ಲಿ ಎಲ್ಲಾರೂ ಆರಾಮದಾರ. ಒಂದು ಬಾಗಲಾ ಉಳದೈತಿ, ಅಷ್ಟ." ಅತ್ತಲಿನವರಿಗೆ ಏನು ತಿಳಿಯಿತೋ.

ಮತ್ತೆ ಪಾಜ್ ಒತ್ತಿ ಓಡಿದಳು. ಟೈಮ್ ಕೆಂಪಾಗಿ ಮಿನುಗುತ್ತಿರುವಾಗಲೇ ಬಾಗಿಲು ದಾಟಿದಳು. ಶಹಬ್ಬಾಸ್ ಎಂಬಂಥ ಒಂದು ಸಾಲು ಮೂಡಿ ಅಳಿಯಿತು. ಆಮೇಲೆ ಬಂದದ್ದು ಮೊದಲನೆಯ ಹಂತದ ಅದೇ ಬಯಲು, ಅದೇ ಗಿಡ್ಡ ಮನುಷ್ಯ. ರಾಕ್ಷಸರು ಮಾತ್ರ ಮೊದಲಿಗಿಂತ ಜೋರಾಗಿದ್ದರು.

"ಇಷ್ಟ ನೋಡಾಕ ನಾ ಬಸ್ ಬಿಟ್ಟೆನಾ?"

"ಟೈಮ್ ಪೂರಾ ತುಂಬೇತಲ್ಲ," ಎಂದರು ನಮ್ಮವರು. "ಆಡು."

ಅವಳು ರಿಮೋಟನ್ನು ಅಣ್ಣನ ಕೈಗಿಟ್ಟು, ನನ್ನೊಡನೆ ರೊಟ್ಟಿ ಬಡಿಯಲು ಎದ್ದು ಬಂದಳು.

ಬಿಸಿ ರೊಟ್ಟಿ, ಹೆಸರುಕಾಳಿನ ಪಲ್ಯ, ಶೇಂಗಾ ಚಟ್ನಿ, ಮೊಸರು ಉಂಡೆವು. ಮೊದಲು ಮಲಗಿದವರು ನಮ್ಮವರು. ನಾದಿನಿ ಇನ್ನೂ ಗೋಡೆಗೊರಗಿ, ಅವಸರವಿಲ್ಲದೆ ಮುಧೋಳದ ಸುದ್ದಿ ಹೇಳುತ್ತಲೇ ಇದ್ದಳು.