ಏಡಿಯಕ್ಕನ ಬಲಗೈ

"ಅಮ್ಮಾ, ಏಡಿಯಕ್ಕ ಯಾಕೆ ಬಲಗೈ ಜೇಬಿಂದ ತೆಗೆಯೋದೇ ಇಲ್ಲ?" ಎಂದು ಮಗಳು ಕೇಳಿದ್ದು ತಲೆ ಬಾಚಿಸಿಕೊಳ್ಳುವಾಗ. ತಾಯಿಯ ಕೈಯಲ್ಲಿ ಬಾಚಣಿಗೆ ಹಾಗೇ ನಿಂತಿತು. ಮೇಲಿನ ಕೋಣೆಯವಳನ್ನು ಮೆಟ್ಟಿಲಲ್ಲಿ ದಿನಾ ಕಂಡರೂ ಇದು ತನ್ನ ಕಣ್ಣಿಗೆ ಬಿದ್ದಿರಲಿಲ್ಲವಲ್ಲ ಎನ್ನಿಸಿತು.

ಬಂದರಿನ ಹಿಂದಿನ ಶೆಡ್ಡಿನಲ್ಲಿ ಏಡಿಗಳನ್ನು ಕೊಬ್ಬಿಸುವುದು ಏಡಿಯಕ್ಕನ ಕೆಲಸ. ತೊಟ್ಟಿಗೊಂದು ಏಡಿ. ಬೆಳಿಗ್ಗೆ ಕಪ್ಪೆಚಿಪ್ಪು ಹಾಕಬೇಕು, ಬಲಿತದ್ದರ ಇಕ್ಕಳಗಳಿಗೆ ದಾರ ಬಿಗಿದು ಮಾರಾಟಕ್ಕೆ ಕಳಿಸಬೇಕು. ಇರುವ ಕೋಣೆಯೂ ಶೆಡ್ಡಿನ ಧಣಿಯದೇ. ಮಕ್ಕಳು ಸಿಕ್ಕರೆ ಏಡಿಯ ಊಟ ವರ್ಣಿಸದೆ ಅವಳಿಗೆ ಸಮಾಧಾನವಿಲ್ಲ. "ಬಲಗಡೆ ದಪ್ಪ ಇಕ್ಕಳ ಇದ್ಯಲ್ಲ, ಅದು ಚಿಪ್ಪನ್ನ ಒಂದೇ ಕಡೆ ಒತ್ತುತ್ತಾ ಒತ್ತುತ್ತಾ ಅಂಚು ಚೂರುಚೂರೇ ಮುರಿಯುತ್ತೆ. ಸಣ್ಣದು ಮಾಂಸ ಕಿತ್ತು ಬಾಯಿಗಿಡುತ್ತೆ. ಒಬ್ರು ದುಡಿಯೋದು, ಇನ್ನೊಬ್ರು ಬಡಿಸೋದು."

ಜಡೆ ಹಾಕಿ ಮುಗಿಸಿ ತಾಯಿ ಮೇಲೆ ಹೋದಳು. "ಎಲ್ಲಿ, ಕೈ ತೋರ್ಸಿ ಅಕ್ಕ."

"ಯಾಕೆ, ಉಂಗುರ ತೊಡಿಸ್ತೀಯಾ?" ಎಂದು ಏಡಿಯಕ್ಕ ನಗಲು ನೋಡಿದಳು. ಆಮೇಲೆ ಕೈ ಹೊರಬಂತು. ಎರಡು ಬೆರಳು ಕಪ್ಪಾಗಿದ್ದವು. ವಾಸನೆ ತಡೆಯದೆ ತಾಯಿ ಕಿಟಕಿ ತೆರೆದಳು.

"ಒಂದು ಏಡಿಗೆ ದಪ್ಪ ಇಕ್ಕಳ ಮುರಿದಿತ್ತು. 'ಎಸಿ ಅದನ್ನ, ನಾನೇನು ಅನಾಥಾಶ್ರಮ ಇಟ್ಟಿದೀನಾ' ಅಂದ ಧಣಿ. ನಾನೇ ಕಲ್ಲಲ್ಲಿ ಚಿಪ್ಪು ಒಡೆದೊಡೆದು ತಿನ್ಸಿ ಸಾಕ್ದೆ."

ಬೆಳೆಯುತ್ತ ಮೈಮೇಲಿನ ಓಡು ಕಳಚಿದಾಗೆಲ್ಲ ಅದರ ಎಡಗಡೆಯ ಸಣ್ಣ ಇಕ್ಕಳ ದಪ್ಪವಾಗುತ್ತ ಬಂದು, ಕೊನೆಗೆ ತಾನೇ ಚಿಪ್ಪು ಒಡೆಯತೊಡಗಿತಂತೆ. ಅವಳು ಕಂಡು ಹಿಗ್ಗಿಯೂ ಇದ್ದಳು. ಆದರೆ ದಾರ ಕಟ್ಟುವ ದಿನ ಅವಳ ಕೈ ಹಳೆಯ ರೂಢಿಯಂತೆ, ಮತ್ತೆ ಸಣ್ಣದಾಗಿ ಮೂಡಿದ್ದ ಬಲಗಡೆಯದನ್ನೇ ಮೊದಲು ಅದುಮಿತು. ಎಡಗಡೆಯದು ಬೆರಳು ಹಿಡಿಯಿತು. ಕಿತ್ತರೂ ಬಿಡದೆ, ಚಿಪ್ಪನ್ನು ಒತ್ತುವಂತೆ ಒತ್ತುತ್ತಲೇ ಇತ್ತು.

"ಇವತ್ತೇ ಆಸ್ಪತ್ರೆಗೆ ಹೋಗೋಣ. ಬೆರಳು ಹೋದ್ರೂ ಕೈ ಉಳೀಬೇಕು."

"ನಾನು ಹೋದ್ರೆ ನಾಳೆನೇ ಬೇರೆಯವಳು ಬರ್ತಾಳೆ. ಕೆಲಸದ ಜೊತೆ ಕೋಣೇನೂ ಹೋಯ್ತು. ಉಳಿದ ಕೈ ಇಟ್ಕೊಂಡು ಎಲ್ಲಿ ಮಲಗ್ಲಿ?"

ತಾಯಿ ಮೊಳಕೈವರೆಗೆ ಏರಿದ್ದ ನಂಜಿನ ಕೆಂಪು ಗೆರೆ ತೋರಿಸಿದಳು. ಏಡಿಯಕ್ಕ ಅದನ್ನು ಮೊದಲೇ ಕಂಡಿದ್ದಳು. ಎಡಗೈಯಿಂದ ಶೆಡ್ಡಿನ ಬೀಗದ ಕೈ ತೆಗೆದು ಮಂಚದ ಮೇಲಿಟ್ಟಳು.

"ನಾನು ವಾಪಸ್ ಬರೋವರೆಗೂ ಬೆಳಿಗ್ಗೆ ಹೋಗಿ ತೊಟ್ಟಿಗಳಿಗೆ ಚಿಪ್ಪು ಹಾಕಿ ಬರ್ತೀಯಾ ತಂಗಿ? ಧಣಿ ಕೇಳಿದ್ರೆ ಜ್ವರ ಅನ್ನು. ಬೆರಳಿನ ವಿಷಯ ಮಾತ್ರ ಹೇಳ್ಬೇಡ."