ಪುಕ್ಸಟ್ಟೆ ಕಾಡಿನಲ್ಲಿ ಮುಟ್ಟಿದ ಹುಳ

ನಾನು ಇವತ್ತು ಉಸಿರಾಡುತ್ತಿರುವುದು ನನ್ನ ತಮ್ಮನಿಂದ. ಸಾಯುವ ಹಾಗಾದದ್ದೂ ಅವನಿಂದಲೇ ಎಂದು ನನ್ನ ಗಂಡ ಈಗಲೂ ಗೊಣಗುತ್ತಾರೆ. ಎರಡರಲ್ಲೂ ಸ್ವಲ್ಪ ಸ್ವಲ್ಪ ನಿಜವಿದೆ. ಹೋದ ವರ್ಷ ಮಳೆಗಾಲ ಮುಗಿಯುತ್ತಾ ಬಂದಾಗ, ಒಂದು ಸಂಜೆ, ಹುಲ್ಲಿನ ಮೆದೆಯ ಬುಡದಲ್ಲಿ ನನ್ನ ಕಾಲಿಗೆ ಹಾವು ಕಚ್ಚಿತು. ಸುತ್ತ ಒಂದು ನರಪಿಳ್ಳೆಯೂ ಇರಲಿಲ್ಲ. ನನ್ನ ದನಿ ಕೇಳುತ್ತಿದ್ದವನು ದೂರದ ನಾಗಮಂಗಲದಲ್ಲಿ ಕೂತಿದ್ದ ತಮ್ಮ ಒಬ್ಬನೇ. ನಾನು ಆಟದ ಮಾತಾಡುತ್ತಿದ್ದೇನೆ ಅಂದುಕೊಂಡ ಅವನು.

ಆಟ ಅಂದರೆ ಫೋನಿನಲ್ಲಿ ಆಡುವ ಕಾಡಿನ ಆಟ. ತಮ್ಮ ಬಾಗಿಲು ಕಿಟಕಿ ಮಾಡುವವನು. ನಮ್ಮದು ಮರಗೆಲಸದ ಆಚಾರರ ಮನೆ. ನನ್ನನ್ನು ಕೊಟ್ಟದ್ದು ಬೆಳಗೊಳದ ಪಕ್ಕದ ಒಂದು ಊರಿಗೆ. ಅವರೂ ಆಚಾರರೇ, ಆದರೆ ನಮ್ಮ ಮಾವನ ಕಾಲಕ್ಕೇ ಉಳಿ, ಕೊಡತಿಗಳನ್ನು ಅಟ್ಟಕ್ಕೆ ಹಾಕಿ ಹಸು ಕಟ್ಟಿದವರು. ನನ್ನ ಬೆಳಗೂ ಸಂಜೆಯೂ ಕೊಟ್ಟಿಗೆಯಲ್ಲೇ ಕಳೆಯುತ್ತವೆ. ಅಕ್ಕ ತಮ್ಮ ಫೋನು ಮಾಡಿಕೊಂಡರೆ ಊಟ ಆಯ್ತಾ, ಆಯ್ತು, ಮಳೆ ಬಂತಾ, ಬಂತು, ಅಲ್ಲಿಗೆ ಸರಕು ಖಾಲಿ. ಇಬ್ಬರಿಗೂ ಇನ್ನೂ ಮಾತಾಡುವ ಆಸೆ, ಆದರೆ ಮಾತೇ ಇಲ್ಲ. ಕೊನೆಗೆ ಅವನೇ ದಾರಿ ಹುಡುಕಿದ.

“ಪುಕ್ಸಟ್ಟೆ ಕಣಕ್ಕ, ಇಳಿಸ್ಕೊ. ಇಬ್ರೂ ಒಂದೇ ಕಾಡಲ್ಲಿ ಮಾತಾಡ್ಕಂಡು ಇರ್ಬೋದು.”

ಪುಕ್ಸಟ್ಟೆ ಸಿಕ್ಕಿದರೆ ನನಗೂ ಇರಲಿ, ನಮ್ಮಪ್ಪನಿಗೂ ಇರಲಿ ಅನ್ನುವ ಪೈಕಿ ನನ್ನ ತಮ್ಮ. ಅಂಥವನು ಹೇಳಿದ ಮೇಲೆ ಖರ್ಚಿಲ್ಲ ಎಂದು ನಂಬಿ ಇಳಿಸಿಕೊಂಡೆ.

ಆಟ ಶುರುವಾಗುವುದೇ ಹೆದರಿಕೆಯಿಂದ. ಚಿಂದಿ ಬಟ್ಟೆ ಸುತ್ತಿದ ಒಂದು ಗೊಂಬೆಯನ್ನು ಕಾಡಿನ ನಡುವೆ ಎಸೆದುಬಿಡುತ್ತಾರೆ. ಅದೇ ನೀವು. ಮೇಲುಗಡೆ ಹಸಿವು, ದಾಹ, ಚಳಿ, ಜೀವ ಎಂದು ಒಂದೊಂದಕ್ಕೆ ಒಂದೊಂದು ಗೆರೆ. ನೀವು ಯಾವ ತಪ್ಪೂ ಮಾಡಬೇಕಾಗಿಲ್ಲ, ಸುಮ್ಮನೆ ನಿಂತಿದ್ದರೂ ಆ ಗೆರೆಗಳು ಸವೆಯುತ್ತಾ ಬರುತ್ತವೆ. ಕತ್ತಲಾಗುವ ಮುಂಚೆ ಹಕ್ಕಿಗಳ ಸದ್ದು ಥಟ್ಟನೆ ನಿಲ್ಲುತ್ತದೆ. ಆ ಮೌನ ನನಗೆ ಯಾವತ್ತೂ ಹಿಡಿಸಲಿಲ್ಲ. ಪರದೆಯ ಮೂಲೆಯಲ್ಲಿ ಚಿನ್ನದ ಬಣ್ಣದ ಒಂದು ಚೀಲ ಇರುತ್ತದೆ, ಅದೇ ಅಂಗಡಿ. ಎಲ್ಲ ಸರಿಯಿದ್ದಾಗ ತೆಪ್ಪಗಿರುತ್ತದೆ. ಯಾವುದಾದರೂ ಗೆರೆ ಕೆಂಪಗಾಯಿತೋ, ಕುಣಿಯಲು ಶುರು. ನಾವು ಸೋಲುವುದನ್ನೇ ಕಾದು ಕೂತಂತೆ ಇತ್ತು ಅದು. ಒಂದು ಸಲ ಒತ್ತಿದರೆ ರೊಟ್ಟಿ, ಕಂಬಳಿ, ಕೊಡಲಿ, ಔಷಧಿ, ಎಲ್ಲ ಕೈಗೆ ಬರುತ್ತದೆ. ಕಾಸು ಮಾತ್ರ ನಿಜವಾದದ್ದು.

ಹೊಸದಾಗಿ ಆಡುವವರು ದುಡ್ಡು ಕಳೆದುಕೊಳ್ಳುವುದು ಅಲ್ಲೇ ಎಂದು ತಮ್ಮ ಮೊದಲ ದಿನವೇ ಪಾಠ ಹೇಳಿದ. ನೀರಿನ ಪಕ್ಕ ಜಾಗ ಹಿಡಿಯಬೇಕು. ಬಿದ್ದ ಪುಳ್ಳೆ, ಕಲ್ಲು ಆರಿಸಿಕೊಳ್ಳಬೇಕು. ಕತ್ತಲಿಗೆ ಮುಂಚೆ ಬೆಂಕಿ ಹೊತ್ತಿಸಿಕೊಳ್ಳಬೇಕು. ದಿನಾ ಬಂದು ಹೋದವರಿಗೆ ಅವರು ಏನಾದರೂ ಬಿಟ್ಟಿ ಕೊಡುತ್ತಾರೆ, ಅದನ್ನು ಇಸಕೊಂಡು ಚೀಲದ ಕಡೆ ತಿರುಗಿಯೂ ನೋಡಬಾರದು. ಬ್ಯಾಂಕಿನ ಖಾತೆಯನ್ನಂತೂ ಆಟಕ್ಕೆ ಜೋಡಿಸಲೇಬಾರದು. ಕೊಡಲಿಯ ಚಿತ್ರ ನೋಡಿ ನಾನು ಒಂದು ಸಲ ಬಾಯಿ ಬಿಟ್ಟದ್ದಕ್ಕೆ ಅವನು ಉರಿದುಬಿದ್ದ.

“ಆಚಾರ್ರ ಮನೆ ಮಗ್ಳು ಕಾಸು ಕೊಟ್ಟು ಕೊಡ್ಲಿ ತಗಂಡ್ಲು ಅಂದ್ರೆ ಊರು ನಗ್ತದೆ. ಕಲ್ಲು ಮಸ್ಕೊ, ಕೋಲಿಗೆ ಕಟ್ಕೊ. ಅವ್ರು ಮಾರೋದು ಅವಸರವ ಕಣಕ್ಕ. ಅವಸರ ಇಲ್ದೋರ್ಗೆ ಎಲ್ಲಾ ಪುಕ್ಸಟ್ಟೆ.”

ಆ ಮಾತು ನನಗೆ ಹಿಡಿಸಿತು. ನಾನು ಕಲ್ಲು ಮಸೆದೆ, ಕೊಡಲಿ ಕಟ್ಟಿದೆ, ನದಿಯ ದಂಡೆಯಲ್ಲಿ ಗುಡಿಸಲು ಹಾಕಿದೆ. ನನ್ನ ಕಾಲ ಮೇಲೆ ನಾನೇ ನಿಂತೆ ಅಂತ ಸಂತೋಷವೂ ಆಯಿತು. ಆದರೆ ಆ ಕಾಡಿನ ಹುಲ್ಲಿನಲ್ಲಿ ಹಾವುಗಳಿದ್ದವು. ಕಾಣುತ್ತಿರಲಿಲ್ಲ, ಮೇಲೆ ಕಾಲಿಟ್ಟಾಗಲೇ ಗೊತ್ತು. ಗೊಂಬೆಯ ಮೈ ಹಸಿರಾಗುತ್ತಿತ್ತು, ಜೀವದ ಗೆರೆ ಇಳಿಯುತ್ತಿತ್ತು, ಚೀಲ ಹುಚ್ಚು ಹಿಡಿದಂತೆ ಕುಣಿಯುತ್ತಿತ್ತು. ಅದರಲ್ಲಿ ವಿಷಕ್ಕೆ ಔಷಧಿಯ ಸೀಸೆ. ಕಾಸು ಬಿಚ್ಚದವರಿಗೆ ಇನ್ನೊಂದು ದಾರಿ ಇತ್ತು: ಯಾವುದೋ ಸೊಪ್ಪು ಅಗಿದು ಬೆಂಕಿಯ ಪಕ್ಕ ಅಲ್ಲಾಡದೆ ಮಲಗುವುದು. ಕೆಲವು ಸಲ ಬದುಕುತ್ತಿದ್ದೆ, ಕೆಲವು ಸಲ ಇಲ್ಲ. ಸತ್ತರೆ ಅದೇ ಚಿಂದಿ ಬಟ್ಟೆಯಲ್ಲಿ ಮತ್ತೆ ನದಿ ಪಕ್ಕ ಎದ್ದು ಕೂರುತ್ತಿದ್ದೆ.

ಇಲ್ಲಿ ನಮ್ಮ ಕಡೆಯ ಒಂದು ಮಾತು ಹೇಳಬೇಕು. ದೀಪ ಹಚ್ಚುವ ಹೊತ್ತಾದ ಮೇಲೆ ನಮ್ಮಲ್ಲಿ ಹಾವಿನ ಹೆಸರು ಎತ್ತುವುದಿಲ್ಲ. ಹುಳ ಎನ್ನುತ್ತೇವೆ, ನಮ್ಮ ಬಾಯಲ್ಲಿ ಅದು ಉಳ. ಕಚ್ಚಿತು ಎನ್ನುವುದೂ ಇಲ್ಲ, ಮುಟ್ಟಿತು ಎನ್ನುತ್ತೇವೆ. ಹೆಸರು ಹಿಡಿದು ಕರೆದರೆ ಬಂದೇ ಬರುತ್ತದೆ ಎಂಬ ಭಯ. ನಾವಿಬ್ಬರೂ ಆಡುತ್ತಿದ್ದದ್ದು ದೀಪ ಹಚ್ಚುವ ಹೊತ್ತಿನಲ್ಲೇ, ಹೀಗಾಗಿ ಆಟದ ಹಾವೂ ನಮಗೆ ಹುಳವಾಯಿತು. ಹುಳ ಮುಟ್ಟಿದಾಗಲೆಲ್ಲ ನಾನು ಗೋಳೋ ಎಂದು ನಾಟಕ ಮಾಡುತ್ತಿದ್ದೆ. “ಈಗ್ಲೇ ನಿಮ್ ಭಾವನ ಖಾತೆಯಿಂದ ಔಷ್ದಿ ತಗತೀನಿ, ನಿಜ್ವಾಗ್ಲೂ ಉರೀತೈತೆ ಕಣ್ಲಾ” ಎಂದು ಕಾಡುತ್ತಿದ್ದೆ. ಅವನು ಬೈಯುವುದನ್ನು ಕೇಳುವುದೇ ನನಗೊಂದು ಸುಖ.

ಆ ವಾರ ಕೊಟ್ಟಿಗೆಯ ಕಡೆ ಏನೋ ಸರಿಯಿರಲಿಲ್ಲ. ನಮ್ಮ ಕೊಟ್ಟಿಗೆ ಇರುವುದು ಊರಾಚೆ, ನಾಲೆಯ ಏರಿಯ ಕೆಳಗೆ, ಗದ್ದೆಯ ಅಂಚಿನಲ್ಲಿ. ಮೆದೆಯಲ್ಲಿ ಇಲಿಗಳು ಜಾಸ್ತಿಯಾಗಿದ್ದವು, ಆದರೂ ಬೆಕ್ಕು ಆ ಕಡೆ ಹೋಗುತ್ತಿರಲಿಲ್ಲ. ದೂರದಲ್ಲೇ ಕೂತು ಬಾಲ ಅಲ್ಲಾಡಿಸುತ್ತಿತ್ತು. ಒಂದು ಮಧ್ಯಾಹ್ನ ಕುಕ್ಕರಿನಿಂದ ಆವಿ ಸೋರಿದಂಥ ಸದ್ದು ಕೇಳಿ ಸುತ್ತ ನೋಡಿದೆ, ಏನೂ ಕಾಣಲಿಲ್ಲ. ಹಸುಗಳು ಮಾತ್ರ ಮೇವು ಬಿಟ್ಟು ಒಂದೇ ಕಡೆ ನೋಡುತ್ತಾ ನಿಂತಿದ್ದವು. ಗಂಡನಿಗೆ ಹೇಳಿದೆ. ಭಾನುವಾರ ಮೆದೆ ಬಿಚ್ಚಿ ನೋಡೋಣ ಎಂದರು. ಅದು ಭಾನುವಾರದವರೆಗೆ ಕಾಯಲಿಲ್ಲ.

ಆ ಸಂಜೆ ಗಂಡ ಹಾಲಿನ ಕ್ಯಾನು ತೆಗೆದುಕೊಂಡು ಡೈರಿಗೆ ಹೋಗಿದ್ದರು. ಅತ್ತೆ ಊರೊಳಗೆ ಮನೆಯಲ್ಲಿದ್ದರು. ನಾನು ನನ್ನ ಗೊಂಬೆಯನ್ನು ಆಟದ ಬೆಂಕಿಯ ಪಕ್ಕ ಕೂರಿಸಿ, ಫೋನನ್ನು ಹಾಗೇ ಎಡಗೈಯಲ್ಲಿ ಹಿಡಿದುಕೊಂಡು, ಬಲಗೈಯಲ್ಲಿ ಹುಲ್ಲು ಹಿರಿಯುತ್ತಿದ್ದೆ. ಕಿವಿಯಲ್ಲಿ ತಂತಿಯಿಲ್ಲದ ಇಯರ್‌ಫೋನು. ತಮ್ಮ ಯಾವುದೋ ಗುಡ್ಡದಲ್ಲಿ ಕಬ್ಬಿಣದ ಕಲ್ಲು ಬಿಟ್ಟಿ ಸಿಗುತ್ತದೆ ಎಂದು ಹೇಳುತ್ತಿದ್ದ. ಬರಿಗಾಲಿನ ಹಿಂಬದಿಗೆ ಯಾರೋ ಕಾದ ದಬ್ಬಳ ಚುಚ್ಚಿದಂತಾಯಿತು. ಅದೇ ಆವಿಯ ಸದ್ದು, ಈ ಸಲ ಪಾದದ ಪಕ್ಕದಲ್ಲೇ. ದಪ್ಪಗೆ, ಮೈಮೇಲೆ ಸರಪಣಿಯಂಥ ಮಚ್ಚೆಯಿದ್ದದ್ದು ನಿಧಾನವಾಗಿ ಮೆದೆಯೊಳಕ್ಕೆ ಸರಿಯಿತು. ಅದಕ್ಕೂ ಅವಸರವಿರಲಿಲ್ಲ. ನಾನು ಹಿಂದಕ್ಕೆ ಬಿದ್ದೆ. ಫೋನು ಕೈತಪ್ಪಿ ಅದು ಹೋದ ಜಾಗದಲ್ಲೇ ಹುಲ್ಲಿನೊಳಗೆ ಬಿತ್ತು.

ಕೈ ಹಾಕಿ ತೆಗೆಯಲು ನನಗೆ ಧೈರ್ಯವಾಗಲಿಲ್ಲ. ಎಷ್ಟು ಕೂಗಿದರೂ ಏರಿಯ ಆಚೆಗೆ ಕೇಳುವುದಿಲ್ಲ. ಕಿವಿಯಲ್ಲಿ ಮಾತ್ರ ತಮ್ಮ ಮಾತಾಡುತ್ತಲೇ ಇದ್ದ.

“ಲೇ, ಉಳ ಮುಟ್ಬುಡ್ತು ಕಣ್ಲಾ,” ಅಂದೆ.

“ಎಲ್ಗೆ?”

“ಕಾಲ್ಗೆ.”

“ಕಾಲ್ಗಲ್ದೆ ಜುಟ್ಟಿಗೆ ಮುಟ್ತದಾ? ಅಳ್ಳಾಡ್ಬ್ಯಾಡ, ಬೆಂಕಿ ತಾವ್ಲೇ ಇರು. ಸೊಪ್ಪು ತತ್ತೀನಿ.”

“ಆಟ ಅಲ್ಲ ಕಣ್ಲಾ, ನಿಜ್ವಾಗ್ಲೂ. ಉರಿ ತಡಿಯಕ್ಕಾಯ್ತಿಲ್ಲ. ನಿಮ್ ಭಾವಂಗೆ ಫೋನ್ ಮಾಡು.”

ಅವನು ನಕ್ಕ. “ಭಾವಂಗ್ಯಾಕೆ? ಔಷ್ದಿಗೆ ಕಾಸು ಬಿಚ್ಸಕ್ಕಾ? ನಿನ್ ನಾಟ್ಕ ನಂಗೊತ್ತಿಲ್ವಾ? ಒಂದ್ ರೂಪಾಯ್ನೂ ಕೊಡ್ಬ್ಯಾಡ. ಅವಸರ ಬ್ಯಾಡ, ಸುಮ್ಕೆ ಮನಿಕ್ಕೊ. ಸತ್ರೆ ಸಾಯಿ ಅತ್ಲಾಗೆ, ಮತ್ತೆ ಉಟ್ಟೋದು ಪುಕ್ಸಟ್ಟೆ.”

ಹಾವು ಎಂದು ಒಂದು ಮಾತು ಅಂದಿದ್ದರೆ ಅವನಿಗೆ ಆ ಕ್ಷಣವೇ ಗೊತ್ತಾಗುತ್ತಿತ್ತು. ನನಗೂ ಅದು ಹೊಳೆಯಿತು. ಆದರೆ ಕತ್ತಲಾಗುತ್ತಿತ್ತು, ಅದು ಅಲ್ಲೇ ಹುಲ್ಲಿನೊಳಗೆ ಇತ್ತು, ಹೆಸರು ಹಿಡಿದರೆ ತಿರುಗಿ ಬರುತ್ತದೆ ಎಂದು ನನ್ನ ಮೈಯೇ ನಂಬಿಬಿಟ್ಟಿತ್ತು. ಆ ಎರಡಕ್ಷರ ಗಂಟಲಿನಿಂದ ಮೇಲೆ ಏರಲಿಲ್ಲ. ಈಗ ಯೋಚಿಸಿದರೆ ನನ್ನ ಮೇಲೆ ನನಗೇ ಸಿಟ್ಟು ಬರುತ್ತದೆ. ಸಾಯುತ್ತಾ ಬಿದ್ದಿರುವವಳಿಗೆ ಮಡಿ ಮೈಲಿಗೆ ಎಲ್ಲಿಯದು! ಆಗ ಮಾತ್ರ ಮತ್ತೆ ಮತ್ತೆ ಉಳ, ಉಳ ಎಂದೇ ಹೇಳಿದೆ. ಕಾಲು ಮಂಡಿಯವರೆಗೆ ಬಿಗಿದುಕೊಂಡಿತ್ತು. ಬಾಯಲ್ಲಿ ತುಕ್ಕು ನೆಕ್ಕಿದಂಥ ರುಚಿ. ಹಸುಗಳ ಕಣ್ಣು ಹೊಳೆಯುವುದು ಕಂಡಿತು, ಆಮೇಲೆ ಅದೂ ಕಾಣಲಿಲ್ಲ.

ಅಲ್ಲಿಂದ ಮುಂದಿನದು ಚೂರು ಚೂರು. ಗಂಡ ನನ್ನನ್ನು ಎತ್ತಿ ಯಾರದೋ ಕಾರಿಗೆ ಹಾಕಿದ್ದು. ದಾರಿಯಲ್ಲಿ ಸಿಕ್ಕವನೊಬ್ಬ, ಇಂಥ ಊರಲ್ಲಿ ಸೊಪ್ಪು ಕೊಡುವವರಿದ್ದಾರೆ, ಒಂದು ಕಾಸೂ ಇಸಕೊಳ್ಳುವುದಿಲ್ಲ ಎಂದದ್ದು. ಗಂಡ ಅವನನ್ನು ಬಾಯಿಗೆ ಬಂದಂತೆ ಬೈದು ಕಾರು ಬಿಡಿಸಿದ್ದು. ಆಸ್ಪತ್ರೆಯ ಬಾಗಿಲಲ್ಲಿ ಅತ್ತೆ ಸೆರಗು ಬಾಯಿಗೆ ಹಿಡಿದು, “ಉಳ ಮುಟ್ಟೈತೆ ಬುದ್ಧಿ” ಎಂದು ಪಿಸುಗುಟ್ಟಿದ್ದೂ ನೆನಪಿದೆ. ಹೊರ ಜಿಲ್ಲೆಯಿಂದ ಬಂದ ಎಳೆ ವಯಸ್ಸಿನ ಡಾಕ್ಟರು, “ಯಾವ ಹುಳ ಅಮ್ಮ, ಚೇಳಾ, ಜೇನಾ?” ಎಂದು ಕೇಳಿದರು. ನನಗೆ ಕಿರುಚಬೇಕು ಅನ್ನಿಸಿತು. ಆ ಹೊತ್ತಿಗೆ ಗಂಡನೇ ಕಿರುಚಿದರು: “ಹಾವು ಸಾರ್, ಹಾವು!” ಇಡೀ ಕೋಣೆ ಎದ್ದು ಓಡಾಡಿತು.

ನನ್ನ ರಕ್ತವನ್ನು ಒಂದು ಗಾಜಿನ ಕೊಳವೆಯಲ್ಲಿ ತೆಗೆದಿಟ್ಟು ಕಾದರು. ಹೆಪ್ಪುಗಟ್ಟಬೇಕಾಗಿತ್ತಂತೆ. ಓರೆ ಮಾಡಿದಾಗ ನೀರಿನಂತೆ ಹರಿಯಿತು. ನರ್ಸಮ್ಮನ ಮುಖ ಸಣ್ಣಗಾದದ್ದನ್ನು ನೋಡಿದೆ. ಔಷಧಿಯ ಸೀಸೆಗಳ ಮೇಲೆ ಸೀಸೆಗಳು ನನ್ನೊಳಗೆ ಇಳಿದವು. ಜೀವದ ಬಗ್ಗೆ ಇನ್ನೂ ಏನೂ ಹೇಳಲಾಗದು, ವಿಷ ಕಿಡ್ನಿಗೆ ಹೊಡೆದಿರಬಹುದು, ಮೂತ್ರ ಸರಿಯಾಗಿ ಹೋಗುವವರೆಗೆ ಕಾಯಬೇಕು ಎಂದು ಡಾಕ್ಟರು ಗಂಡನಿಗೆ ಹೇಳುತ್ತಿದ್ದರು. ನಾನು ಕಣ್ಣು ಮುಚ್ಚಿ ನಿದ್ದೆ ಬಂದವಳಂತೆ ಕೇಳಿಸಿಕೊಂಡೆ. ಅಷ್ಟು ಭಯ ನನಗೆ ಮೆದೆಯ ಬಳಿಯೂ ಆಗಿರಲಿಲ್ಲ.

ತಮ್ಮ ಆ ರಾತ್ರಿಯೇ ಪಾಂಡವಪುರದ ಮೇಲೆ ಬೈಕಿನಲ್ಲಿ ಬಂದಿದ್ದನಂತೆ. ಒಳಗೆ ಬಿಟ್ಟಿರಲಿಲ್ಲ. ಮೂತ್ರ ಸರಿಹೋಗಿದೆ, ಇನ್ನು ಗಾಬರಿಯಿಲ್ಲ ಎಂದು ಹೇಳಿದ ಬೆಳಿಗ್ಗೆ ಬಂದು ಮಂಚದ ಪಕ್ಕ ನಿಂತ. ಬಟ್ಟೆಯ ಮೇಲೆ ಇನ್ನೂ ಮರದ ಹೊಟ್ಟು. ನನ್ನ ಕಾಲು ನೋಡಿದ. ಅದು ಕಪ್ಪಾಗಿ ಕುಂಬಳಕಾಯಿಯಂತೆ ಊದಿತ್ತು. ಮುಖ ತಿರುಗಿಸಿಕೊಂಡ. ಅವನನ್ನು ಕಂಡು ಗಂಡ ಎದ್ದು ಹೊರಗೆ ಹೋದರು. ಗಂಡನಿಗೆ ಫೋನು ಮಾಡಿ ಮೆದೆಯ ಬಳಿ ಓಡಿಸಿದವನು ತಮ್ಮನೇ ಎಂದು ಅಷ್ಟು ಹೊತ್ತಿಗೆ ನನಗೆ ಗೊತ್ತಾಗಿತ್ತು. ಅವನನ್ನು ಸಮಾಧಾನ ಮಾಡೋಣ ಎಂದು ನಾನೇ ಶುರು ಮಾಡಿದೆ.

“ಬುಡು, ನೀನಾದ್ರೂ ಬೇಗ ತಿಳ್ಕಂಡಲ್ಲ. ನನ್ ಗೊಂಬೆ ಮೈ ಅಸ್ರಾಗಿಲ್ಲ ಅಂತ ನೋಡ್ದಾ?”

“ಇಲ್ಲ ಕಣಕ್ಕ,” ಅಂದ. “ಬೇಗ ಎಲ್ಲಿ ತಿಳ್ಕಂಡೆ? ನೀನು ಯೋಳ್ತಾನೇ ಇದ್ದೆ, ನಾನು ನಗ್ತಾನೇ ಇದ್ದೆ. ಗೊಂಬೆ ಕಡೆ ನೋಡ್ಲೇ ಇಲ್ಲ. ಆಮೇಕೆ ನೀನು ಅವ್ವನ್ನ ಕರ್ದೆ.”

ನನಗೆ ಅದು ನೆನಪೇ ಇರಲಿಲ್ಲ. ಅವ್ವ ತೀರಿಕೊಂಡು ಆಗಲೇ ವರ್ಷಗಳಾಗಿದ್ದವು.

“ಬಿದ್ರೆ ಎದ್ರೆ ಎಲ್ರೂ ಅವ್ವ ಅಂತಾರಲ್ಲೋ,” ಅಂದೆ.

“ಅಂಗಲ್ಲ ಕಣಕ್ಕ. ಅವ್ವ ಓಗೋ ದಿನ ಅವ್ಳೂ ಇಂಗೇ ಕರ್ದಿದ್ಲು, ಅವಳವ್ವನ್ನ. ಅದೇ ದನಿ. ಆಗ್ಲೇ ಭಾವಂಗೆ ಫೋನ್ ಮಾಡ್ದೆ.”

ಅವ್ವ ಹೋದ ದಿನ ನಾನು ಬೆಳಗೊಳದಿಂದ ಬಸ್ಸು ಬದಲಾಯಿಸಿಕೊಂಡು ನಾಗಮಂಗಲ ಸೇರುವಷ್ಟರಲ್ಲಿ ಎಲ್ಲ ಮುಗಿದಿತ್ತು. ನೋವಿಲ್ಲದೆ, ನಿದ್ದೆಯಲ್ಲೇ ಹೋದಳು ಎಂದು ಆಗ ನನಗೆ ಹೇಳಿದವನು ಅವನೇ.